ಸಹಾಯ ಬೇಕು: ‘ಬಾಲ ಇಲ್ಲದ’ ಅನ್ನೋದಕ್ಕೆ ಒಳ್ಳೆ ಕನ್ನಡ ಪದ

ಎಲ್ಲರಿಗೂ ನಮಸ್ಕಾರ. ಹೈಸ್ಕೂಲ್ ಮಕ್ಕಳಿಗೆ ಕಪ್ಪೆಗಳ ಬಗ್ಗೆ ಒಂದು ಭಿತ್ತಿಪತ್ರ ಮಾಡುತ್ತಿದ್ದೇನೆ. ಕಪ್ಪೆಗಳ ಗುಂಪಿಗೆ ವಿಜ್ಞಾನದಲ್ಲಿ ‘ಅನುರಾ’ ಅಂತ ಹೆಸರು. ಗ್ರೀಕ್ ಮೂಲದ ಪದ, ಅರ್ಥ ‘ಬಾಲ ಇಲ್ಲದವು’. ಗೊದಮೊಟ್ಟೆಗೆ ಉದ್ದ ಬಾಲ ಇರುತ್ತೆ. ಆದರೆ ಅದು ಉದುರಿ ಬೀಳಲ್ಲ, ಕರಗಿ ಮೈಯೊಳಗೇ ಸೇರಿಕೊಳ್ಳುತ್ತೆ. ಹಾಗಾಗಿ ‘ಬಾಲ ಕಳಚಿದ’ ಅಂತ ಬರೆಯೋಕೆ ಮನಸ್ಸಿಲ್ಲ.

‘ಬಾಲಹೀನ’ ಬರೆದು ನೋಡಿದೆ. ಪಾಪ, ಕಪ್ಪೆಗೆ ಏನೋ ಕೊರತೆ ಇದ್ದ ಹಾಗೆ ಕೇಳಿಸುತ್ತೆ, ಅಲ್ವಾ? ‘ಮೋಟು’ ನನಗೆ ತುಂಬಾ ಇಷ್ಟದ ಪದ. ಆದರೆ ಮೋಟು ಬೀಡಿ, ಮೋಟು ಗೋಡೆ, ಮೋಟು ಜಡೆ ಅಂದಾಗ ಗಿಡ್ಡಗಾದರೂ ಒಂದಿಷ್ಟು ಇದೆ ಅಂತ ತಾನೇ? ಕಪ್ಪೆಗೆ ಅಷ್ಟೂ ಇಲ್ಲ. ಇನ್ನು ಬರೀ ‘ಬಾಲ ಇಲ್ಲದ’ ಅಂದರೆ ಮಕ್ಕಳಿಗೆ ಮೊದಲು ನೆನಪಾಗೋದು ಮನೆಯಲ್ಲಿ ತಿನ್ನೋ ಬೈಗುಳ: ‘ಬಾಲ ಒಂದಿಲ್ಲ, ಮಿಕ್ಕಿದ್ದೆಲ್ಲಾ ಕೋತಿನೇ!’

ಇನ್ನೊಂದು ಮೂಲೆಯಲ್ಲಿ ಬೆಂಗಳೂರಿನ ತೇಜಸ್ ವಿಮಾನದ ಚಿತ್ರ ಹಾಕೋ ಆಸೆ. ಅದನ್ನೂ ಬಾಲವಿಲ್ಲದ ವಿಮಾನ ಅಂತಲೇ ಕರೆಯುತ್ತಾರೆ. ಹಿಂದೆ ನೆಟ್ಟಗೆ ನಿಂತ ರೆಕ್ಕೆ ಇದೆ, ಅಡ್ಡ ರೆಕ್ಕೆ ಇಲ್ಲ, ಅಷ್ಟೇ.

ಎರಡಕ್ಕೂ ಹೊಂದೋ ಪದ ಇದೆಯೇ? ನಿಮ್ಮ ಕಡೆ ಬಾಲ ಇಲ್ಲದ ನಾಯಿ, ಕೋಳಿಗೆ ಏನಂತಾರೆ? ಊರಿನ ಹೆಸರು ಸೇರಿಸಿ ಹೇಳಿ, ದಯವಿಟ್ಟು.