ಅಲಂಗ್‌ನಲ್ಲಿ ಹಡಗು ಒಡೆದವರ ಉಸಿರು: ವೈದ್ಯರೊಂದಿಗೆ ಪ್ರಶ್ನೋತ್ತರ

ಭಾವನಗರದ ಸದಸ್ಯೆ: ಡಾಕ್ಟರೇ, ನಮ್ಮ ಪಕ್ಕದ ಮನೆಯವರು ಒಡಿಶಾದವರು. 1998ರಿಂದ ಹತ್ತು ವರ್ಷ ಗುಜರಾತಿನ ಅಲಂಗ್ ದಡದಲ್ಲಿ ಹಳೆಯ ಹಡಗು ಒಡೆಯುತ್ತಿದ್ದರು. ಈಗ ನಾಲ್ಕು ಮೆಟ್ಟಿಲು ಹತ್ತಿದರೆ ಏದುಸಿರು, ಒಣಕೆಮ್ಮು. ಕಫದಲ್ಲಿ ಕ್ಷಯ ಕಾಣಿಸಿಲ್ಲ, ಆದರೂ ಕ್ಷಯದ ಮಾತ್ರೆ ಕೊಡುತ್ತಿದ್ದಾರೆ.

ವೈದ್ಯರು: ಹಡಗಿನಲ್ಲಿ ಅವರ ಕೆಲಸವೇನಿತ್ತು?

ಭಾವನಗರದ ಸದಸ್ಯೆ: ಎಂಜಿನ್ ಕೋಣೆಯ ಕೊಳವೆಗಳಿಗೆ ಸುತ್ತಿದ ಬಿಳಿ ಹೊದಿಕೆಯನ್ನು ಬರಿಗೈಯಲ್ಲಿ ಕೀಳುವುದು. ಮಧ್ಯಾಹ್ನ ಅದನ್ನೇ ತಲೆದಿಂಬು ಮಾಡಿಕೊಂಡು ಮಲಗುತ್ತಿದ್ದರಂತೆ.

ವೈದ್ಯರು: ಓದಿ ಎದೆ ಧಸಕ್ಕೆಂದಿತು. ಅದು ಕಲ್ನಾರು, ಅಂದರೆ ಆಸ್ಬೆಸ್ಟಾಸ್ ಆಗಿದ್ದಿರಬೇಕು. ಹಳೆಯ ಹಡಗುಗಳಲ್ಲಿ ಶಾಖ ತಡೆಯಲು ಅದನ್ನೇ ಬಳಸುತ್ತಿದ್ದರು. ಕಣ್ಣಿಗೆ ಕಾಣದ ಅದರ ಎಳೆಗಳು ಶ್ವಾಸಕೋಶದಲ್ಲೇ ಉಳಿದು, ಅದನ್ನು ಸ್ವಲ್ಪಸ್ವಲ್ಪವಾಗಿ ಗಡುಸಾಗಿಸುತ್ತವೆ. ಕಾಯಿಲೆ ತಲೆಯೆತ್ತಲು 10ರಿಂದ 40 ವರ್ಷ ಬೇಕು. ಅಷ್ಟರಲ್ಲಿ ಹಡಗು ಕರಗಿ ಕಂಬಿಯಾಗಿರುತ್ತದೆ, ಗುತ್ತಿಗೆದಾರ ಎಲ್ಲಿರುತ್ತಾನೋ. ಎಚ್‌ಆರ್‌ಸಿಟಿ ಸ್ಕ್ಯಾನ್ (ಶ್ವಾಸಕೋಶವನ್ನು ಸೂಕ್ಷ್ಮವಾಗಿ ತೋರಿಸುವ ಸಿಟಿ ಸ್ಕ್ಯಾನ್) ಮತ್ತು ಉಸಿರಿನ ಸಾಮರ್ಥ್ಯದ ಪರೀಕ್ಷೆ ಮಾಡಿಸಿ. ಮಾತ್ರೆಯನ್ನು ನೀವಾಗಿ ನಿಲ್ಲಿಸಬೇಡಿ. ಮಾಡಿದ ಕೆಲಸವನ್ನು ವೈದ್ಯರ ಚೀಟಿಯಲ್ಲಿ ತಪ್ಪದೇ ಬರೆಸಿ. ಕಲ್ನಾರಿನಿಂದ ಬರುವ ಈ ಶ್ವಾಸಕೋಶದ ಕಾಯಿಲೆ, ಅಂದರೆ ಆಸ್ಬೆಸ್ಟಾಸಿಸ್, ಕಾರ್ಮಿಕರ ಪರಿಹಾರ ಕಾನೂನಿನ ಔದ್ಯೋಗಿಕ ಕಾಯಿಲೆಗಳ ಪಟ್ಟಿಯಲ್ಲಿದೆ. ಇನ್ನೊಂದು: ಎಳೆಗಳು ಬಟ್ಟೆಗಂಟಿ ಮನೆಗೂ ಬರುತ್ತವೆ; ಅವರ ಬಟ್ಟೆ ಒಗೆಯುತ್ತಿದ್ದವರು ಯಾರು?

ಹುಬ್ಬಳ್ಳಿಯ ಸದಸ್ಯ: ದಿನಕ್ಕೊಂದು ತುಂಡು ಬೆಲ್ಲ ತಿಂದರೆ ಧೂಳೆಲ್ಲ ಹೊರಹೋಗುತ್ತದೆಂದು ಸಂದೇಶ ಬಂದಿದೆ. ನಿಜವೇ?

ವೈದ್ಯರು: ಸುಳ್ಳು. ಬೆಲ್ಲ ಹೋಗುವುದು ಹೊಟ್ಟೆಗೆ.

ಮಂಗಳೂರಿನ ಸದಸ್ಯ: ಹಡಗಿನ ಖಾಲಿ ಟ್ಯಾಂಕಿಗೆ ಇಳಿದವರು ಕುಸಿಯುವುದೇಕೆ? ವಾಸನೆಯೂ ಇರುವುದಿಲ್ಲವಲ್ಲ.

ವೈದ್ಯರು: ಮುಚ್ಚಿಟ್ಟ ಟ್ಯಾಂಕಿನಲ್ಲಿ ತುಕ್ಕು ಆಮ್ಲಜನಕವನ್ನು ತಿಂದುಹಾಕಿರುತ್ತದೆ. ಒಂದೆರಡು ಉಸಿರಿಗೇ ಪ್ರಜ್ಞೆ ತಪ್ಪಬಹುದು. ಎತ್ತಲು ಹೋದ ಜತೆಗಾರನೂ ಅಲ್ಲೇ ಬೀಳುತ್ತಾನೆ. ಗಾಳಿ ಅಳೆಯದೆ ಯಾರೂ ಇಳಿಯಬಾರದು.

ಕಾರವಾರದ ಸದಸ್ಯ: ಇಂಥ ದಡಗಳನ್ನೇ ಮುಚ್ಚಿಸಬೇಕು.

ಬಳ್ಳಾರಿಯ ಸದಸ್ಯ: ಅವರ ಮನೆಯ ಒಲೆ ನೀವು ಹೊತ್ತಿಸುತ್ತೀರಾ? ಹಡಗು ಒಡೆಯುವುದನ್ನು ಸುರಕ್ಷಿತಗೊಳಿಸುವ ಅಂತರರಾಷ್ಟ್ರೀಯ ಹಾಂಗ್‌ಕಾಂಗ್ ಒಪ್ಪಂದ 2025ರ ಜೂನ್‌ನಲ್ಲಿ ಜಾರಿಗೆ ಬಂದಿದೆ, ಸುಧಾರಿಸುತ್ತದೆ.

ಕಾರವಾರದ ಸದಸ್ಯ: 2009ರ ಒಪ್ಪಂದ ಜಾರಿಯಾಗಲು 16 ವರ್ಷ! ಉಬ್ಬರದಲ್ಲಿ ಹಡಗನ್ನು ದಡಕ್ಕೇರಿಸಿ ಒಡೆಯುವುದನ್ನು ಅದು ನಿಷೇಧಿಸಿಯೂ ಇಲ್ಲ. ಓದಿಕೊಂಡು ಬನ್ನಿ.

ಬಳ್ಳಾರಿಯ ಸದಸ್ಯ: ನೀವು ಒಂದು ದಿನ ಅಲ್ಲಿ ತಗಡು ಹೊತ್ತು ಬನ್ನಿ, ಆಮೇಲೆ ಪಾಠ ಹೇಳಿ.

ದಾವಣಗೆರೆಯ ಸದಸ್ಯೆ: ಅಲಂಗ್ ರಸ್ತೆಯ ಅಂಗಡಿಯಿಂದ ಹಡಗಿನ ಹಲಗೆ ತರಿಸಿ ಅಡುಗೆಮನೆಗೆ ಹಾಕಿಸಿದ್ದೇವೆ. ಕೊರೆದರೆ ಅಪಾಯವೇ?

ಹುಬ್ಬಳ್ಳಿಯ ಸದಸ್ಯ: ಬೆಲ್ಲದ ಜತೆ ಬಾಳೆಹಣ್ಣು ತಿಂದರೆ?

ವೈದ್ಯರು: ಉತ್ತರ ಕೊಟ್ಟಾಗಿದೆ. ಇಂಥ ಸಂದೇಶ ನಂಬಿ ಒಬ್ಬರು ಆಸ್ಪತ್ರೆಗೆ ಹೋಗುವುದನ್ನು ಮುಂದೂಡಿದರೂ ಅದರ ಪಾಪ ಹಂಚಿದವರಿಗೆ. ಇನ್ನು ಕೇಳಬೇಡಿ.

ಭಾವನಗರದ ಸದಸ್ಯೆ: ವಿಚಾರಿಸಿದೆ. ಹೆಂಡತಿಯೇ ಬಟ್ಟೆ ಕೊಡವಿ ಒಗೆಯುತ್ತಿದ್ದರಂತೆ. ಅವರಿಗೂ ಬಲಪಕ್ಕೆ ನೋವಂತೆ.

ವೈದ್ಯರು: ಎಷ್ಟು ದಿನದಿಂದ? ಇಬ್ಬರನ್ನೂ ನಾಳೆಯೇ ಕರೆದೊಯ್ಯಿರಿ.