ಬೋದಿಗೆ: ಕಂಬದ ತಲೆಯೋ, ತೊಲೆಯ ಆಸರೆಯೋ?

ಬೋದಿಗೆ ಅನ್ನುವ ಪದದ ಬಗ್ಗೆ ಒಂದಿಷ್ಟು ಹೇಳಬೇಕಿದೆ, ಕೊನೆಗೆ ಒಂದಿಷ್ಟು ಕೇಳಬೇಕೂ ಇದೆ.

ಉಡುಪಿಯ ಗೆಳತಿಯೊಬ್ಬರು ಶಾಲೆಯಲ್ಲಿ ಸಮಾಜ ಪಾಠ ಮಾಡುತ್ತಾರೆ. ಮೂಡುಬಿದಿರೆಯ ಸಾವಿರ ಕಂಬದ ಬಸದಿಗೆ ಮಕ್ಕಳನ್ನು ಕರೆದುಕೊಂಡು ಹೋಗುವ ಮೊದಲು, ಕಂಬದ ಭಾಗಗಳಿಗೆ ಹೆಸರು ಬರೆದ ಹಾಳೆಯೊಂದನ್ನು ತಯಾರು ಮಾಡಿ ನನಗೆ ಕಳಿಸಿದರು. ಕಂಬದ ಮೇಲ್ಭಾಗಕ್ಕೆ ಪೂರ್ತಿಯಾಗಿ ಒಂದೇ ಹೆಸರು: ‘ಬೋಧಿಗೆ’. ಹಾಳೆಯ ಹಿಂಬದಿಯಲ್ಲಿ ನಮ್ಮ ರಾಷ್ಟ್ರಲಾಂಛನದ ಚಿತ್ರ. ಅದರ ಕೆಳಗೆ ‘ಸಾರನಾಥದ ಸಿಂಹ ಬೋಧಿಗೆ’. ಇಲ್ಲಿ ಮಹಾಪ್ರಾಣ ಬೇಕಾ, ಈ ಎರಡೂ ಕಡೆ ಹೇಳುತ್ತಿರುವುದು ಒಂದೇ ವಸ್ತುವನ್ನಾ ಅಂತ ಅವರು ಕೇಳಿದ್ದಾರೆ. ನನ್ನ ಮಟ್ಟಿಗೆ ಎರಡಕ್ಕೂ ಉತ್ತರ ‘ಅಲ್ಲ’ ಅಂತಲೇ.

ಬರಹದ ಮಾತು ಮೊದಲು ಮುಗಿಸಿಬಿಡೋಣ. ಕಿಟ್ಟೆಲರ ಕೋಶ 1894ರಲ್ಲಿ ನಮ್ಮ ಮಂಗಳೂರಿನ ಬಾಸೆಲ್ ಮಿಷನ್ ಅಚ್ಚುಕೂಟದಲ್ಲೇ ಅಚ್ಚಾಯಿತು. ಅದರಲ್ಲಿ ಇರುವುದು ಅಲ್ಪಪ್ರಾಣದ ‘ಬೋದಿಗೆ’. ತುಳುವಿನಲ್ಲೂ ಹಾಗೆಯೇ. ಮಲಯಾಳದಲ್ಲಿ ‘ಪೋತಿಕ’, ತಮಿಳಿನಲ್ಲಿ ‘ಪೋದಿಗೈ’. ಸಂಸ್ಕೃತದ ಶಿಲ್ಪಗ್ರಂಥಗಳಲ್ಲಿ ಎರಡು ರೂಪ ಸಿಗುತ್ತವೆ. ಮಯಮತದಲ್ಲಿ ‘ಪೋತಿಕಾ’, ಮಾನಸಾರದಲ್ಲಿ ‘ಬೋಧಿಕಾ’. ಮಹಾಪ್ರಾಣ ಬೇಕು ಅನ್ನುವವರು ಹಿಡಿದುಕೊಳ್ಳುವುದು ಈ ಎರಡನೆಯದನ್ನು. ಹಿಡಿದುಕೊಳ್ಳಲಿ, ಆದರೂ ‘ಬೋಧಿಗೆ’ ಅನ್ನುವ ರೂಪ ನಿಲ್ಲುವುದಿಲ್ಲ. ‘ಘಟಿಕಾ’ ಕನ್ನಡಕ್ಕೆ ಬಂದು ‘ಗಳಿಗೆ’ ಆಯಿತು. ಕೊನೆಯ ‘ಕಾ’ ಹೋಗಿ ‘ಗೆ’ ಬಂತು, ಜೊತೆಗೆ ಮೊದಲಕ್ಷರದ ಮಹಾಪ್ರಾಣವೂ ಕಳಚಿತು. ‘ವಿಧಿ’ ‘ಬಿದಿ’ ಆದಾಗಲೂ ಧಕಾರ ದಕಾರವಾಯಿತು. ‘ಬೋಧಿಕಾ’ದಿಂದ ಬಂದಿದೆ ಅಂತಲೇ ಇಟ್ಟುಕೊಂಡರೂ ತದ್ಭವ ‘ಬೋದಿಗೆ’ ಆಗಬೇಕು. ದ್ರಾವಿಡ ನುಡಿಗಳದ್ದೇ ಪದ ಅಂದರೆ ಮಹಾಪ್ರಾಣದ ಪ್ರಶ್ನೆಯೇ ಏಳುವುದಿಲ್ಲ. ಹೇಗೆ ನೋಡಿದರೂ ‘ಬೋಧಿಗೆ’ ಅರ್ಧ ಸಂಸ್ಕೃತ, ಅರ್ಧ ಕನ್ನಡ. ಬುದ್ಧನ ಬೋಧಿಮರವನ್ನು ಇದಕ್ಕೆ ತಂದು ಕಟ್ಟುವುದೂ ಬೇಡ.

ಇನ್ನು ಅರ್ಥ. ಇಲ್ಲಿ ಸ್ವಲ್ಪ ನಿಧಾನವಾಗಿ ಹೋಗಬೇಕು.

ನಿಘಂಟುಗಳಲ್ಲಿ ‘ಕಂಬದ ಮೇಲ್ತುದಿ’, ‘ಕಂಬದ ತಲೆ’ ಅಂತ ಇರುತ್ತದೆ. ತಪ್ಪಲ್ಲ, ಆದರೆ ಸಾಲದು. ನಮ್ಮ ಕಡೆ ಹಳೆಯ ಮನೆಯನ್ನು ದುರಸ್ತಿ ಮಾಡುವ ಆಚಾರ್ರು ‘ಕಂಬ ಗಟ್ಟಿ ಇದೆ, ಬೋದಿಗೆ ಮಾತ್ರ ಹೋಗಿದೆ’ ಅಂದರೆ ಏನರ್ಥ? ಕಂಬ ಬೇರೆ, ಬೋದಿಗೆ ಬೇರೆ ಅಂತ ತಾನೆ. ಚಾವಡಿಯ ಮರದ ಕಂಬ ನೆಟ್ಟಗೆ ನಿಂತಿರುತ್ತದೆ. ಅದರ ತುದಿಯಲ್ಲಿ ಮೊಳೆಯ ಹಾಗೆ ಒಂದು ಚಾಚು ಬಿಟ್ಟಿರುತ್ತಾರೆ. ಆ ಚಾಚಿನ ಮೇಲೆ, ತೊಲೆ ಹೋಗುವ ದಿಕ್ಕಿಗೇ ಮಲಗಿಸಿದ ಒಂದು ಗಿಡ್ಡ ಮರದ ತುಂಡು ಕೂರುತ್ತದೆ. ಎರಡೂ ಬದಿಗೆ ತೋಳು ಚಾಚಿದಂಥ ಆ ತುಂಡೇ ಬೋದಿಗೆ. ತೊಲೆ ಕೂರುವುದು ಅದರ ಮೇಲೆ, ನೇರವಾಗಿ ಕಂಬದ ಮೇಲೆ ಅಲ್ಲ. ತಲೆಗೂ ಕೊಡಕ್ಕೂ ನಡುವೆ ಸಿಂಬೆ ಇರುವ ಹಾಗೆ.

ಈ ತುಂಡು ಯಾಕೆ ಬೇಕು? ಮರದ ಕಂಬದಲ್ಲಿ ನಾರು ನಿಂತಿರುತ್ತದೆ, ತೊಲೆಯಲ್ಲಿ ಮಲಗಿರುತ್ತದೆ. ನಿಂತ ನಾರು ಭಾರ ತಡೆಯುತ್ತದೆ. ಮಲಗಿದ ನಾರನ್ನು ಮೇಲಿಂದ ಒತ್ತಿದರೆ ಜಜ್ಜುತ್ತದೆ. ಸಣ್ಣ ಕಂಬದ ತುದಿ ನೇರವಾಗಿ ತೊಲೆಗೆ ಒತ್ತಿದರೆ ಆ ಜಾಗದಲ್ಲಿ ತೊಲೆ ಕುಸಿಯುತ್ತದೆ. ಬೋದಿಗೆ ಆ ಒತ್ತಡವನ್ನು ಅಗಲಕ್ಕೆ ಹರಡುತ್ತದೆ. ಎರಡು ತೊಲೆಗಳು ಒಂದೇ ಕಂಬದ ಮೇಲೆ ಸೇರುವ ಕಡೆ ಇದರ ಅಗತ್ಯ ಇನ್ನೂ ಜಾಸ್ತಿ. ಕಂಬದ ದಪ್ಪ ಅರ್ಧ ಅಡಿ ಇದ್ದರೆ ಒಂದೊಂದು ತೊಲೆಗೆ ಸಿಗುವುದು ಕಾಲಡಿ ಜಾಗ. ಬೋದಿಗೆ ಇದ್ದರೆ ಎರಡೂ ತೊಲೆಗಳು ಆರಾಮವಾಗಿ ಕೂರುತ್ತವೆ.

ಕಲ್ಲಿನಲ್ಲಿ ಕತೆ ಬೇರೆ, ಕೆಲಸ ಅದೇ. ಕಲ್ಲನ್ನು ಒತ್ತಿದರೆ ಎಷ್ಟೂ ತಡೆಯುತ್ತದೆ, ಎಳೆದರೆ ಬೇಗ ಬಿರಿಯುತ್ತದೆ. ತೊಲೆಯ ಮೇಲೆ ಭಾರ ಬಿದ್ದಾಗ ಅದರ ಅಡಿಭಾಗ ಎಳೆತಕ್ಕೆ ಸಿಗುತ್ತದೆ. ಕಲ್ಲುತೊಲೆ ನಡುವಿನಲ್ಲಿ, ಕೆಳಗಿನಿಂದ ಸೀಳುವುದು ಇದಕ್ಕೇ. ಹಾಗಾಗಿ ಎರಡು ಕಂಬಗಳ ನಡುವಿನ ಬರಿ ಜಾಗವನ್ನು ಆದಷ್ಟು ಕಡಿಮೆ ಮಾಡಬೇಕು. ಕಂಬಗಳ ನಡುವೆ 10 ಅಡಿ ಇದೆ ಅಂದುಕೊಳ್ಳಿ. ಎರಡೂ ಕಡೆಯ ಬೋದಿಗೆಗಳು ಒಂದೊಂದು ಅಡಿ ಚಾಚಿದರೆ ತೊಲೆಗೆ ಆಸರೆ ಇಲ್ಲದ ಜಾಗ 8 ಅಡಿಗೆ ಇಳಿಯುತ್ತದೆ. ಬಾಗಿಸುವ ಬಲ ಅಂತರದ ವರ್ಗಕ್ಕೆ ತಕ್ಕಂತೆ ಏರಿಳಿಯುವುದರಿಂದ, 100 ಇದ್ದದ್ದು 64ಕ್ಕೆ ಬರುತ್ತದೆ. ಒಂದು ಗಿಡ್ಡ ಕಲ್ಲು ಮಾಡುವ ಕೆಲಸ ಇದು! ಇಷ್ಟು ಬುದ್ಧಿವಂತಿಕೆ ಇರುವ ಭಾಗವನ್ನು ‘ಅಲಂಕಾರದ ತುದಿ’ ಅಂತ ಮಕ್ಕಳಿಗೆ ಹೇಳಿ ಮುಂದೆ ಹೋಗುವುದು ನನಗೆ ನಿಜಕ್ಕೂ ಬೇಸರದ ವಿಷಯ.

ಸಾವಿರ ಕಂಬದ ಬಸದಿ 1430ರದ್ದು. ಅಲ್ಲಿ ಒಂದು ಕಂಬದ ಹಾಗೆ ಇನ್ನೊಂದಿಲ್ಲ ಅಂತ ಎಲ್ಲರೂ ಹೇಳುತ್ತಾರೆ. ನೋಡುವವರ ಕಣ್ಣು ಕಂಬದ ಮೈಮೇಲಿನ ಕೆತ್ತನೆಯಲ್ಲೇ ನಿಂತುಬಿಡುತ್ತದೆ. ಅದೇ ಊರಿನ ಚೌಟರ ಅರಮನೆಯಲ್ಲೂ ಹಾಗೆ, ನವನಾರೀ ಕುಂಜರ ಮತ್ತು ಪಂಚನಾರೀ ತುರಗ (ಒಂಬತ್ತು ಹೆಂಗಸರು ಸೇರಿ ಆನೆಯಾದ, ಐವರು ಸೇರಿ ಕುದುರೆಯಾದ ಕೆತ್ತನೆಗಳು) ನೋಡಿ ಹೊರಡುತ್ತಾರೆ. ಮಕ್ಕಳಿಗೆ ತಲೆ ಎತ್ತಿ ನೋಡಲು ಹೇಳಬೇಕು. ಕಲ್ಲಿನ ಕಂಬದಲ್ಲಿ ಕೆಳಗಿನಿಂದ ಮೇಲಕ್ಕೆ ಹೋದರೆ ಪೀಠ, ಆಮೇಲೆ ಕಾಂಡ, ಅದರ ಮೇಲೆ ಉಬ್ಬಿದ ಕುಂಭ, ಚಪ್ಪಟೆ ಹಲಗೆಯಂಥ ಫಲಕ, ಫಲಕದ ಮೇಲೆ ಬೋದಿಗೆ, ಬೋದಿಗೆಯ ಮೇಲೆ ತೊಲೆ. ಕುಂಭ, ಫಲಕ, ಬೋದಿಗೆ ಮೂರೂ ಸೇರಿದ್ದು ಕಂಬದ ತಲೆ. ಬೋದಿಗೆ ಅದರಲ್ಲಿ ಎಲ್ಲಕ್ಕಿಂತ ಮೇಲಿನದು ಮಾತ್ರ. ಗೆಳತಿಯ ಹಾಳೆಯಲ್ಲಿ ತಿದ್ದಬೇಕಾದದ್ದು ಇದನ್ನೇ. ‘ಬೋದಿಗೆ’ಯ ಗೆರೆ ಫಲಕದ ಮೇಲಿನಿಂದ ಶುರುವಾಗಲಿ, ಒಟ್ಟು ಭಾಗಕ್ಕೆ ‘ಕಂಬದ ತಲೆ’ ಅಂತ ಬರೆಯಲಿ.

ಬೋದಿಗೆಯ ತೋಳಿನ ಕೆಳಅಂಚನ್ನು ಹೇಗೆ ಕಡೆದಿದ್ದಾರೆ ಅನ್ನುವುದರ ಮೇಲೆ ಕಾಲವನ್ನೂ ಊಹಿಸುವುದುಂಟು. ಅಂಚಿಗೆ ಅಲೆಅಲೆಯಾದ ಉರುಳೆಗಳಿದ್ದರೆ ಅದು ತರಂಗ ಬೋದಿಗೆ. ಪಲ್ಲವರ, ಬಾದಾಮಿ ಚಾಲುಕ್ಯರ ಕಾಲದಿಂದ ಕಾಣುತ್ತದೆ. ಚೋಳರ ಕಟ್ಟಡಗಳಲ್ಲಿ ಅಲೆ ಹೋಗಿ ಓರೆಯಾಗಿ ಕತ್ತರಿಸಿದ ನೇರ ಅಂಚು ಬಂತು. ವಿಜಯನಗರದ ಹೊತ್ತಿಗೆ ತೋಳಿನ ತುದಿ ಕೆಳಕ್ಕೆ ಬಾಗಿ ತಾವರೆಮೊಗ್ಗಿನ ಹಾಗೆ ತೂಗತೊಡಗಿತು. ಅದು ಪುಷ್ಪ ಬೋದಿಗೆ. ಹಂಪಿಗೆ ಹೋದವರಿಗೆ ಈ ಮೊಗ್ಗಿನ ನೆನಪು ಇದ್ದೇ ಇರುತ್ತದೆ. ಹೆಸರು ಮಾತ್ರ ಗೊತ್ತಿರುವುದಿಲ್ಲ.

ಈಗ ಸಿಂಹಗಳ ವಿಷಯ. ಅಶೋಕನ ಕಂಬ ಒಂಟಿಯಾಗಿ ಬಯಲಲ್ಲಿ ನಿಲ್ಲುವ ಕಂಬ. ಸಾರನಾಥದಲ್ಲಿ ನಾಲ್ಕು ಸಿಂಹಗಳ ಮೇಲೆ ಮೊದಲು ಒಂದು ಚಕ್ರ ಇತ್ತು. ತೊಲೆ ಇರಲಿಲ್ಲ, ಮಾಡೂ ಇರಲಿಲ್ಲ. ಭಾರ ಹರಡುವ ಕೆಲಸವೇ ಇಲ್ಲದ ಮೇಲೆ ಅದನ್ನು ಬೋದಿಗೆ ಅಂತ ಕರೆಯುವುದು ಹೇಗೆ? ಇಂಗ್ಲಿಷಿನ ‘ಕ್ಯಾಪಿಟಲ್’ಗೆ ನಿಘಂಟಿನಲ್ಲಿ ‘ಬೋದಿಗೆ’ ಅಂತ ಇದೆ, ಅದನ್ನು ಹಾಗೇ ಎತ್ತಿ ಸಿಂಹಗಳ ಕೆಳಗೆ ಇಟ್ಟದ್ದರಿಂದ ಹೀಗಾಗಿದೆ ಅನಿಸುತ್ತದೆ. ‘ಸಿಂಹಶೀರ್ಷ’ ಅಥವಾ ಸುಮ್ನೆ ‘ಸಿಂಹಗಳಿರುವ ಕಂಬದ ತಲೆ’ ಅಂದರೆ ಸಾಕು, ಅಲ್ವಾ?

ನಮ್ಮ ಜಿಲ್ಲೆಗಳಲ್ಲೇ ಇದಕ್ಕೆ ಒಳ್ಳೆಯ ಉದಾಹರಣೆ ಇದೆ. ಬಸದಿಗಳ ಎದುರು ಮಾನಸ್ತಂಭ ಇರುತ್ತದೆ. ಮೂಡುಬಿದಿರೆಯಲ್ಲೂ ಇದೆ, ಕಾರ್ಕಳದ ಹಿರಿಯಂಗಡಿಯಲ್ಲೂ ಇದೆ. ಮೇಲೆ ಫಲಕ, ಫಲಕದ ಮೇಲೆ ಪುಟ್ಟ ಮಂಟಪ. ತೊಲೆ ಇಲ್ಲ. ಕಾರ್ಕಳದ ಗೊಮ್ಮಟನ ಎದುರಿನ ಬ್ರಹ್ಮದೇವ ಕಂಬದ್ದೂ ಇದೇ ಬಗೆ. ಮಾನಸ್ತಂಭದ ತುದಿಯನ್ನು ನೋಡಿ, ಆಮೇಲೆ ಬಸದಿಯ ಒಳಗೆ ಹೋಗಿ ಅಲ್ಲಿನ ಕಂಬದ ತುದಿಯನ್ನು ನೋಡಿದರೆ ಪದದ ಅರ್ಥ ಯಾವ ನಿಘಂಟಿಗಿಂತಲೂ ಚೆನ್ನಾಗಿ ತಿಳಿಯುತ್ತದೆ. ಹೊರಗಿನದಕ್ಕೆ ಬೋದಿಗೆ ಬೇಕಿಲ್ಲ, ಒಳಗಿನದಕ್ಕೆ ಬೇಕೇ ಬೇಕು.

ಇದಕ್ಕೆ ಒಂದು ತಕರಾರು ಬರಬಹುದು. ಬಾದಾಮಿಯ ಮೂರನೇ ಗುಹೆ 578ರದ್ದು. ಅಲ್ಲಿ ಇಡೀ ಗುಹೆ ಒಂದೇ ಬಂಡೆ. ಕಂಬ, ಬೋದಿಗೆ, ತೊಲೆ ಎಲ್ಲ ಅದರಲ್ಲೇ ಕೊರೆದದ್ದು. ಯಾವ ತುಂಡೂ ಇನ್ನೊಂದರ ಮೇಲೆ ಕೂತಿಲ್ಲ. ಹಾಗಾದರೆ ಅದು ಬೋದಿಗೆ ಅಲ್ಲವಾ? ಅದೂ ಬೋದಿಗೆಯೇ ಅಂತ ನನ್ನ ಅನಿಸಿಕೆ. ಅಲ್ಲಿ ಕಡೆದವರು ಕಟ್ಟಡದಲ್ಲಿ ಕಂಡದ್ದನ್ನೇ ಬಂಡೆಯಲ್ಲಿ ತೋರಿಸಿದ್ದಾರೆ. ಕಂಬಕ್ಕೂ ತೊಲೆಗೂ ನಡುವೆ, ಅದೇ ಜಾಗದಲ್ಲಿ, ಅದೇ ಆಕಾರದಲ್ಲಿ ಇಟ್ಟಿದ್ದಾರೆ. ಜಾಗ ಮತ್ತು ಆಕಾರ ಎರಡೂ ಉಳಿದಿವೆ. ಸಾರನಾಥದಲ್ಲಿ ಎರಡೂ ಇಲ್ಲ.

ಬೇಲೂರಿನ ಮದನಿಕೆಯರ ಬಗ್ಗೆ ಹಾಗೆ ಹೇಳಲಾರೆ. ಅವರನ್ನು ‘ಬೋದಿಗೆ ಶಿಲ್ಪ’ ಅಂತ ಬರೆಯುವುದಿದೆ. ಆ ವಿಗ್ರಹಗಳು ಕಂಬದ ತಲೆಯಿಂದ ಸೂರಿನ ಕಡೆಗೆ ಓರೆಯಾಗಿ ನಿಂತಿವೆ, ಬೋದಿಗೆಯ ಹಾಗೆ ತೊಲೆಯ ಅಡಿಯಲ್ಲಿ ಮಲಗಿಲ್ಲ. ‘ಮದನಿಕೆ’, ‘ಶಿಲಾಬಾಲಿಕೆ’ ಅಂತ ಎಷ್ಟು ಚೆಂದದ ಹೆಸರುಗಳಿವೆ. ಅವನ್ನು ಬಿಟ್ಟು ಬೋದಿಗೆಯನ್ನು ಅಲ್ಲಿಗೆ ಎಳೆಯುವುದು ಬೇಡ.

ಮಂಗಳೂರಿನ ಹಳೆಯ ಇಗರ್ಜಿಗಳ (ಚರ್ಚುಗಳ) ಯುರೋಪಿನ ಶೈಲಿಯ ಕಂಬಗಳಿಗೆ ಏನು ಹೇಳಬೇಕು? ಎಲೆಯೋ ಸುರುಳಿಯೋ ಇರುವ ಅವುಗಳ ತುದಿ ಸುತ್ತಲೂ ಒಂದೇ ಸಮನಾಗಿ ಉಬ್ಬಿರುತ್ತದೆ, ತೊಲೆಯ ದಿಕ್ಕಿಗೆ ತೋಳು ಚಾಚುವುದಿಲ್ಲ. ನಾನಾದರೆ ಅಲ್ಲಿಯೂ ‘ಕಂಬದ ತಲೆ’ ಅಂತಲೇ ಬರೆಯುತ್ತೇನೆ.

ಬದಲಿಗೆ ಈ ಪದವನ್ನು ಧಾರಾಳವಾಗಿ ಬಳಸಬಹುದಾದ ಹೊಸ ಜಾಗ ಒಂದಿದೆ. ಮೇಲ್ಸೇತುವೆಗಳ ಕಂಬದ ತಲೆಯ ಮೇಲೆ ಎರಡೂ ಬದಿಗೆ ಚಾಚಿಕೊಂಡ ಕಾಂಕ್ರೀಟಿನ ಭಾಗ ಇರುತ್ತದಲ್ಲ, ಎಂಜಿನಿಯರರು ‘ಪಿಯರ್ ಕ್ಯಾಪ್’ ಅನ್ನುತ್ತಾರೆ. ಸೇತುವೆಯ ತೊಲೆಗಳು ಬಂದು ಕೂರುವುದು ಅದರ ಮೇಲೆಯೇ. ಅದಕ್ಕೆ ‘ಬೋದಿಗೆ’ ಅಂದರೆ ಯಾರೂ ಆಕ್ಷೇಪಿಸಲಾರರು. ಪತ್ರಿಕೆಗಳಲ್ಲಿ ‘ಕಂಬದ ಮೇಲಿನ ಕಾಂಕ್ರೀಟ್ ರಚನೆ’ ಅಂತೆಲ್ಲ ಉದ್ದಕ್ಕೆ ಬರೆಯುವ ಬದಲು ಈ ಒಂದು ಮಾತು ಸಾಕು.

ಇನ್ನು ನಾನು ಕೇಳುವುದು. ಕುಂದಾಪುರ, ಬೈಂದೂರು, ಬೆಳ್ತಂಗಡಿ, ಸುಳ್ಯದ ಕಡೆ ಹಳೆಯ ಮನೆಗಳ ಕೆಲಸ ಬಲ್ಲ ಆಚಾರ್ರು ನಿಮ್ಮ ಪರಿಚಯದಲ್ಲಿದ್ದರೆ ದಯವಿಟ್ಟು ವಿಚಾರಿಸಿ. ಚಾವಡಿಯ ಮೂಲೆಯ ಕಂಬದ ಮೇಲೆ ಎರಡು ದಿಕ್ಕಿನಿಂದ ತೊಲೆಗಳು ಬಂದು ಸೇರುತ್ತವೆ. ಅಲ್ಲಿ ಕೂರಿಸುವ, ಅಡ್ಡಡ್ಡ ತೋಳುಗಳಿರುವ ಬೋದಿಗೆಗೆ ಬೇರೆ ಹೆಸರಿದೆಯಾ? ಕಂಬವೇ ಇಲ್ಲದೆ, ಗೋಡೆಯಿಂದಲೇ ಹೊರಚಾಚಿ ತೊಲೆಗೆ ಆಸರೆ ಕೊಡುವ ತುಂಡಿಗೂ ಬೋದಿಗೆ ಅನ್ನುತ್ತಾರಾ, ಇಲ್ಲ ಅದಕ್ಕೆ ಇನ್ನೊಂದು ಪದ ಇದೆಯಾ? ಮನೆಯ ಹಿರಿಯರು ಹೇಳುವುದಕ್ಕಿಂತ ಕೆಲಸದವರ ಬಾಯಿಂದ ಬಂದ ಮಾತೇ ಬೇಕು. ಅವರು ಹೇಳಿದ್ದನ್ನು ಅದೇ ಉಚ್ಚಾರದಲ್ಲಿ, ತುಳುವಾಗಲಿ, ಕುಂದಗನ್ನಡವಾಗಲಿ, ತಿದ್ದದೆ ಬರೆದು ಕಳಿಸಿ. ಜೊತೆಗೆ ಯಾವ ಊರು, ಮರದ ಕೆಲಸದವರೋ ಕಲ್ಲಿನ ಕೆಲಸದವರೋ ಅನ್ನುವುದನ್ನೂ ತಿಳಿಸಿ.