ಒತ್ತಡ ಏರಿದಷ್ಟೂ ಮದ್ದು ಬೇಗ ಉರಿಯುವುದಾದರೆ ಕೋವಿಯ ನಳಿಗೆ ಏಕೆ ಒಡೆಯುವುದಿಲ್ಲ?

ಪ್ರಶ್ನೆ (ಬಿ.ಎಸ್ಸಿ. ವಿದ್ಯಾರ್ಥಿ):
ಮದ್ದಿಗೆ ಕಿಡಿ ತಗುಲಿದ ಕ್ಷಣದಿಂದ ಗುಂಡು ನಳಿಗೆಯ ಬಾಯಿ ದಾಟುವವರೆಗಿನ ಘಟನೆಗಳನ್ನು ವಿವರಿಸುವ ಇಂಟೀರಿಯರ್ ಬ್ಯಾಲಿಸ್ಟಿಕ್ಸ್ ಕುರಿತು ಓದುತ್ತಿದ್ದೇನೆ. ಮದ್ದು ಉರಿದರೆ ಅನಿಲ ಹುಟ್ಟಿ ಒತ್ತಡ ಏರುತ್ತದೆ. ಒತ್ತಡ ಏರಿದರೆ ಮದ್ದು ಇನ್ನಷ್ಟು ಬೇಗ ಉರಿಯುತ್ತದೆ. ಆಗ ಒತ್ತಡ ಮತ್ತೂ ಏರಬೇಕು. ಈ ಸುತ್ತು ಎಲ್ಲಿ ನಿಲ್ಲುತ್ತದೆ? ನಮ್ಮ ಅಜ್ಜನ ಜೋಡುನಳಿಗೆ ಕೋವಿ ಅಷ್ಟು ವರ್ಷ ಒಡೆಯದೆ ಉಳಿದದ್ದು ಈ ತರ್ಕಕ್ಕೆ ಹೊಂದುತ್ತಿಲ್ಲ.

ಉತ್ತರ (ನಿವೃತ್ತ ಗಣಿತ ಅಧ್ಯಾಪಕ):
ನಿಮ್ಮ ತರ್ಕದಲ್ಲಿ ತಪ್ಪಿಲ್ಲ, ಆದರೆ ಅದು ಗಟ್ಟಿಯಾಗಿ ಮುಚ್ಚಿದ ಪಾತ್ರೆಗೆ ಸಲ್ಲುವ ತರ್ಕ. ಅಲ್ಲಿಯೂ ಮದ್ದು ಮುಗಿದಾಗ ಏರಿಕೆ ಮುಗಿಯುತ್ತದೆ. ಬ್ರಿಟನ್ನಿನ ಸಂಶೋಧಕರಾದ ಆಂಡ್ರ್ಯೂ ನೋಬಲ್ ಮತ್ತು ಫ್ರೆಡರಿಕ್ ಏಬಲ್ 1875ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ, ಪಾತ್ರೆಯ ತುಂಬ ಕರಿಮದ್ದು ತುಂಬಿ ಉರಿಸಿದಾಗ ಒತ್ತಡವು ಸುಮಾರು 6,400 ವಾಯುಭಾರದಷ್ಟು (ನಮ್ಮ ಸುತ್ತಲಿನ ಗಾಳಿಯ ಒತ್ತಡದ ಅಷ್ಟು ಪಟ್ಟು) ಇರುತ್ತದೆಂದು ಕಂಡುಬಂದಿತು.

ಕೋವಿಯಲ್ಲಿ ಪಾತ್ರೆಯ ಒಂದು ಗೋಡೆ ಓಡುತ್ತಿರುತ್ತದೆ, ಆ ಗೋಡೆಯೇ ಗುಂಡು. ಆರಂಭದಲ್ಲಿ ಗುಂಡಿನ ವೇಗ ಸೊನ್ನೆಯಾದ್ದರಿಂದ ಒತ್ತಡ ಏರಲೇಬೇಕು. ಗುಂಡು ವೇಗ ಪಡೆದಂತೆ ಅದರ ಹಿಂದಿನ ಜಾಗ ಬೇಗಬೇಗ ಹಿಗ್ಗುತ್ತದೆ. ಹೊಸ ಅನಿಲದ ಪೂರೈಕೆ ಆ ಹಿಗ್ಗುವಿಕೆಯನ್ನು ತುಂಬಲಾರದ ಕ್ಷಣದಿಂದ ಒತ್ತಡ ಇಳಿಮುಖವಾಗುತ್ತದೆ. ಹೀಗಾಗಿ ಮದ್ದು ಇನ್ನೂ ಉರಿಯುತ್ತಿರುವಾಗಲೇ ಶಿಖರ ದಾಟಿಹೋಗುವುದು ಸಾಮಾನ್ಯ.

ಇದರಲ್ಲಿ ಒಂದು ಸೊಗಸಾದ ಗಣಿತವಿದೆ. ಮದ್ದಿನ ಕಾಳಿನ ಮೇಲ್ಮೈ ಉರಿದು ಒಳಕ್ಕೆ ಸವೆಯುವ ವೇಗವು ಒತ್ತಡಕ್ಕೆ ನೇರ ಅನುಪಾತದಲ್ಲಿದೆ ಎಂದು ಸರಳವಾಗಿ ಊಹಿಸಿಕೊಳ್ಳಿ. ಗುಂಡಿನ ವೇಗೋತ್ಕರ್ಷವೂ ಒತ್ತಡಕ್ಕೆ ನೇರ ಅನುಪಾತದಲ್ಲಿದೆ. ಎರಡನ್ನೂ ಕಾಲದ ಮೇಲೆ ಸಮಾಕಲಿಸಿದರೆ (ಕ್ಷಣಕ್ಷಣದ್ದನ್ನು ಕೂಡಿಸುತ್ತಾ ಹೋದರೆ), ಕಾಳು ಎಷ್ಟು ಆಳಕ್ಕೆ ಸವೆದಿದೆಯೋ ಅದಕ್ಕೆ ತಕ್ಕ ಅನುಪಾತದಲ್ಲಿ ಗುಂಡು ವೇಗ ಪಡೆದಿರುತ್ತದೆ ಎಂದು ದೊರೆಯುತ್ತದೆ. ನಡುವೆ ಒತ್ತಡ ಹೇಗೆ ಏರಿಳಿಯಿತು ಎಂಬುದು ಲೆಕ್ಕಕ್ಕೇ ಬರುವುದಿಲ್ಲ. ಉರಿಯನ್ನು ಚುರುಕುಗೊಳಿಸುವ ಒತ್ತಡವೇ ಗುಂಡನ್ನೂ ಓಡಿಸಿ ತನಗೆ ತಾನೇ ಜಾಗ ಮಾಡಿಕೊಳ್ಳುತ್ತದೆ. ನಳಿಗೆಯಲ್ಲಿ ಮಣ್ಣು ಕಟ್ಟಿಕೊಂಡು ಗುಂಡಿನ ಓಟಕ್ಕೆ ತಡೆಯಾದರೆ ನೀವು ಹೆದರಿದ್ದೇ ನಡೆದೀತು.

ಉತ್ತರ (ಯಂತ್ರಶಿಲ್ಪಿ):
ಮೇಲಿನ ವಿವರಣೆಗೆ ಕಾಳಿನ ಆಕಾರವನ್ನೂ ಸೇರಿಸಬೇಕು. ಕಾಳು ಪದರಪದರವಾಗಿ ಉರಿಯುತ್ತದೆ ಎಂಬುದನ್ನು ಫ್ರಾನ್ಸಿನ ಪಿಯೋಬೇರ್ 19ನೇ ಶತಮಾನದ ಮೊದಲರ್ಧದಲ್ಲೇ ಹೇಳಿದ್ದರು. ಗೋಲಾಕಾರದ ಕಾಳು ಅರ್ಧ ತ್ರಿಜ್ಯಕ್ಕೆ ಇಳಿಯುವಾಗ ಎಂಟರಲ್ಲಿ ಏಳು ಪಾಲು ಉರಿದುಹೋಗಿರುತ್ತದೆ, ಮೇಲ್ಮೈ ಕಾಲು ಭಾಗಕ್ಕೆ ಕುಗ್ಗಿರುತ್ತದೆ. ಎಂದರೆ ಗುಂಡು ನಿಧಾನವಾಗಿರುವಾಗ ಅನಿಲ ಹೆಚ್ಚು, ಜಾಗ ಹಿಗ್ಗಿದಾಗ ಅನಿಲ ಕಡಿಮೆ. ನಮಗೆ ಬೇಕಾದದ್ದಕ್ಕೆ ತದ್ವಿರುದ್ಧ.

ಉದ್ದನೆಯ ಕಾಳಿನ ನಡುವೆ ಒಂದು ತೂತು ಕೊರೆದರೆ ಹೊರಗಿನ ಸುತ್ತಳತೆ ಕುಗ್ಗಿದಷ್ಟೇ ಒಳಗಿನದು ಹಿಗ್ಗಿ, ಉರಿಯುವ ಮೇಲ್ಮೈ ಹೆಚ್ಚುಕಡಿಮೆ ಸ್ಥಿರವಾಗಿರುತ್ತದೆ. ಏಳು ತೂತುಗಳಿದ್ದರೆ ಉರಿದಂತೆ ಮೇಲ್ಮೈ ಬೆಳೆಯುತ್ತದೆ. ತೂತುಳ್ಳ ಮದ್ದಿನ ಈ ವಿಚಾರವನ್ನು ದೊಡ್ಡ ಫಿರಂಗಿಗಳಿಗಾಗಿ ಅಮೆರಿಕದ ಸೇನಾಧಿಕಾರಿ ಥಾಮಸ್ ರಾಡ್‌ಮನ್ 1860ರ ಆಸುಪಾಸಿನಲ್ಲಿ ಮುಂದಿಟ್ಟರು. ನನ್ನ ದೃಷ್ಟಿಯಲ್ಲಿ ಈ ಶಾಸ್ತ್ರದ ಅತಿ ಜಾಣ ಹೆಜ್ಜೆ ಇದು: ರಾಸಾಯನಿಕವನ್ನು ಮುಟ್ಟದೆ, ಬರಿಯ ಜ್ಯಾಮಿತಿಯಿಂದ ಉರಿಯನ್ನು ಹಿಡಿತಕ್ಕೆ ತಂದದ್ದು.

ಮರುಪ್ರಶ್ನೆ (ಬಿ.ಎಸ್ಸಿ. ವಿದ್ಯಾರ್ಥಿ):
ಇಬ್ಬರಿಗೂ ಧನ್ಯವಾದಗಳು ಸರ್. ಕೆಲವೇ ಮಿಲಿಸೆಕೆಂಡುಗಳಲ್ಲಿ ಮುಗಿಯುವ ಈ ಒತ್ತಡವನ್ನು ವಿದ್ಯುನ್ಮಾನ ಸಾಧನಗಳಿಲ್ಲದ ಕಾಲದಲ್ಲಿ ಹೇಗೆ ಅಳೆದರು? ಅದು ನಳಿಗೆಯೊಳಗೆ ಎಲ್ಲೆಡೆ ಒಂದೇ ಸಮನಾಗಿರುತ್ತದೆಯೇ?

ಉತ್ತರ (ವಿಜ್ಞಾನ ಇತಿಹಾಸದ ಆಸಕ್ತೆ):
ಮೊದಲು ಅಳೆದದ್ದು ಒತ್ತಡವನ್ನಲ್ಲ, ವೇಗವನ್ನು. ಇಂಗ್ಲೆಂಡಿನ ಬೆಂಜಮಿನ್ ರಾಬಿನ್ಸ್ 1742ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ತೂಗುಹಾಕಿದ ಭಾರವಾದ ಲೋಲಕಕ್ಕೆ ಗುಂಡು ಹೊಡೆದು, ಅದು ಎಷ್ಟು ಹಿಂದಕ್ಕೆ ತೂಗಿತೆಂಬುದರಿಂದ ಸಂವೇಗ ಸಂರಕ್ಷಣೆಯ ಮೂಲಕ ವೇಗ ಕಂಡುಹಿಡಿಯುವ ವಿಧಾನವನ್ನು ವಿವರಿಸಿದರು. ಬಂದೂಕಿನ ಗುಂಡಿಗೆ ಸೆಕೆಂಡಿಗೆ ಸುಮಾರು 1,700 ಅಡಿ ಬಂದಿತು. ಒತ್ತಡವನ್ನು ಅವರು ಲೆಕ್ಕದಿಂದ ಊಹಿಸಿದರು: ಮದ್ದಿನಿಂದ ಹುಟ್ಟುವ ಅನಿಲ ತಣ್ಣಗಿದ್ದಾಗ ಮದ್ದಿನ ಗಾತ್ರದ 244 ಪಟ್ಟು, ಕೆಂಪಗೆ ಕಾದ ಕಬ್ಬಿಣದ ಶಾಖದಲ್ಲಿ ಅದರ ಸುಮಾರು ನಾಲ್ಕು ಪಟ್ಟು, ಆದ್ದರಿಂದ ಸುಮಾರು 1,000 ವಾಯುಭಾರ. ಗುಂಡು ಕದಲುವ ಮೊದಲೇ ಮದ್ದೆಲ್ಲ ಉರಿದುಬಿಡುತ್ತದೆ ಎಂದೂ ಭಾವಿಸಿದ್ದರು. ನೀವು ಮೊದಲು ಕೇಳಿದ ಪ್ರಶ್ನೆ ಅಲ್ಲಿ ಹುಟ್ಟುವುದೇ ಇಲ್ಲ. (ಈಸ್ಟ್ ಇಂಡಿಯಾ ಕಂಪನಿಯ ಎಂಜಿನಿಯರಾಗಿ ಬಂದ ಅವರು 1751ರಲ್ಲಿ ಜ್ವರದಿಂದ ತೀರಿಕೊಂಡದ್ದು ನಮ್ಮ ಪಕ್ಕದ ಕಡಲೂರಿನ ಸೇಂಟ್ ಡೇವಿಡ್ ಕೋಟೆಯಲ್ಲಿ.)

ಒತ್ತಡವನ್ನು ನೇರವಾಗಿ ಅಳೆಯಲು ರಾಡ್‌ಮನ್ ಫಿರಂಗಿಗೆ, ಅನಿಲ ತಳ್ಳುವ ಚೂಪು ಅಲಗಿನ ಕೊಂತವನ್ನು (ಪಿಸ್ಟನ್) ಜೋಡಿಸಿ, ಅದು ತಾಮ್ರದ ಮೇಲೆ ಮೂಡಿಸಿದ ಗಾಯವನ್ನು ಅಳೆದರು. ನೋಬಲ್ ಅಲಗಿನ ಬದಲು ತಾಮ್ರದ ಪುಟ್ಟ ಸಿಲಿಂಡರನ್ನೇ ಜಜ್ಜಿಸಿ, ಅದು ಎಷ್ಟು ಗಿಡ್ಡವಾಯಿತೆಂದು ನೋಡಿದರು.

ಉತ್ತರ (ನಿವೃತ್ತ ಗಣಿತ ಅಧ್ಯಾಪಕ):
ಎರಡನೆಯ ಪ್ರಶ್ನೆಗೆ: ಒಂದೇ ಸಮನಾಗಿರುವುದಿಲ್ಲ. ಗುಂಡಿನ ಜೊತೆ ಅನಿಲವೂ ಮುಂದಕ್ಕೆ ಓಡಬೇಕಾದ್ದರಿಂದ ನಳಿಗೆಯ ಹಿಂಬದಿಯ ಒತ್ತಡ ಗುಂಡಿನ ಬುಡದ್ದಕ್ಕಿಂತ ಹೆಚ್ಚಿರುತ್ತದೆ. ಗಣಿತಜ್ಞ ಲಗ್ರಾಂಜ್ ಹೆಸರಿನ ಅಂದಾಜಿನಂತೆ ಇವೆರಡರ ಅನುಪಾತ, ಒಂದಕ್ಕೆ ಮದ್ದಿನ ತೂಕವನ್ನು ಗುಂಡಿನ ತೂಕದ ಎರಡರಷ್ಟರಿಂದ ಭಾಗಿಸಿ ಕೂಡಿಸಿದಷ್ಟು. ಮದ್ದು ಗುಂಡಿನ ಅರ್ಧ ತೂಕದ್ದಾದರೆ ಅದು 1.25. ಆದ್ದರಿಂದ ಹಿಂಬದಿಯಲ್ಲಿ ಅಳೆದ ಅಂಕಿಯನ್ನು ನೇರವಾಗಿ ಗುಂಡಿನ ಸಮೀಕರಣಕ್ಕೆ ಹಾಕಿದರೆ ವೇಗ ಹೆಚ್ಚಾಗಿ ಬರುತ್ತದೆ.